ರೇಡಿಯೊ ನಿಂತ ಮೇಲೆ

ಬಾಗಿಲು ತಳ್ಳಿದ ದರ್ಜಿ ಹುಡುಗಿಗೆ ಮೊದಲು ಕಂಡದ್ದು ಕನ್ನಡಿ. ಅದು ಫೋಟೊಗಳಿಗೂ ಕನ್ನಡಿಗಳಿಗೂ ಕಟ್ಟು ಹಾಕುವ ಅಂಗಡಿ. ಗೋಡೆ ತುಂಬ ಕನ್ನಡಿಗಳೇ. ಅವುಗಳಲ್ಲೊಂದರೊಳಗೆ ಅಂಗಡಿಯ ಹುಡುಗ, ಅವಳು ಮೆಚ್ಚಿದವನು. ಅವನ ಮೊಣಕಾಲಿಗೆ ಮೊಣಕಾಲು ತಾಗುವಷ್ಟು ಹತ್ತಿರ ಯಾರೋ ಒಬ್ಬ ಹೆಂಗಸು. ಅವಳ ಕೈ ಅವನ ಕೈಮೇಲೆ, ಅವನ ಕಣ್ಣು ಅವಳ ತುಟಿಯ ಮೇಲೆ.

ಹುಡುಗಿ ಒಳಗೆ ಕಾಲಿಡಲಿಲ್ಲ. ಸದ್ದಿಲ್ಲದೆ ಬಾಗಿಲೆಳೆದುಕೊಂಡು, ರಸ್ತೆ ದಾಟಿ, ತನ್ನ ಮಷಿನ್ ಮುಂದೆ ಕೂತಳು.

ಒಂದು ಕಾಲದಲ್ಲಿ ಬೀದಿಯವರೆಲ್ಲ ಅವನನ್ನು ರೇಡಿಯೊ ಅನ್ನುತ್ತಿದ್ದರು. ಅವನ ಬಾಯಿ ಮುಚ್ಚಿದ್ದನ್ನು ಕಂಡವರಿಲ್ಲ. ಇವಳಿಗೆ ಸೂಜಿ ಅಂತ ಹೆಸರಿಟ್ಟವನೂ ಅವನೇ, ಇವಳು ಚುಚ್ಚದೆ ಮಾತಾಡುವವಳಲ್ಲವಲ್ಲ. ಏಣಿಯಿಂದ ಬಿದ್ದು ತಲೆಗೆ ಪೆಟ್ಟಾದ ಮೇಲೆ ರೇಡಿಯೊ ನಿಂತುಹೋಯಿತು. ಗಾಯ ಮಾಯಿತು, ಮಾತು ಮರಳಲಿಲ್ಲ.

ಮರಳಲಿಲ್ಲ ಅಂದರೆ ಯಾರು ನಂಬಬೇಕು? ಗಿರಾಕಿಗೆ ‘ಬನ್ನಿ, ಕೂತ್ಕೊಳ್ಳಿ’ ಅನ್ನುವುದು ಸಲೀಸು. ಸುತ್ತಿಗೆ ಬೆರಳಿಗೆ ಬಿದ್ದರೆ ಬೈಗುಳ ನೀರು ಕುಡಿದಷ್ಟು ಸುಲಭ. ಹಾಡೊಂದನ್ನು ಪದ ತಪ್ಪದೆ ಗುನುಗಿದ್ದನ್ನು ಇವಳೇ ಕೇಳಿದ್ದಳು. ನಮ್ಮ ಮದುವೆ ವಿಷಯ ಏನು ಅಂತ ಇವಳು ಎದುರು ನಿಂತಾಗ ಮಾತ್ರ ತುಟಿ ಒದ್ದಾಡುತ್ತಿತ್ತು. ಮನಸ್ಸಿಲ್ಲವಾ, ಇನ್ನೂ ಯೋಚಿಸಬೇಕಾ ಅಂತ ಇವಳೇ ಅವನ ಮಾತು ಮುಗಿಸುತ್ತಿದ್ದಳು. ಅವನು ಅಲ್ಲವೆಂದು ತಲೆಯಾಡಿಸುವಷ್ಟರಲ್ಲಿ ಇವಳ ಇನ್ನೊಂದು ಪ್ರಶ್ನೆ. ಕಡೆಗೆ ಅವನು ಕೈಚೆಲ್ಲಿ ಮುಖ ತಿರುಗಿಸುತ್ತಿದ್ದ.

ನಾಳೆ ಸೋದರಮಾವ ಬೇರೆ ಗಂಡನ್ನು ಕರೆತರುವವನಿದ್ದ. ಬೇಡ ಅನ್ನಲು ಇವಳಿಗೊಂದು ಕಾರಣ ಬೇಕಿತ್ತು. ಆ ಕಾರಣ ಈಗ ಕನ್ನಡಿಯೊಳಗೆ ಇನ್ನೊಬ್ಬಳ ತುಟಿ ನೋಡುತ್ತ ಕೂತಿದೆ!

ಅಂಗಿಯ ಎಡತೋಳನ್ನು ಬಲಕ್ಕೆ ಹೊಲಿದದ್ದು ಕಂಡಾಗ ಕತ್ತರಿ ಕುಕ್ಕಿ ಎದ್ದಳು. ಇಬ್ಬರ ನೀರಿಳಿಸಿಯೇ ಬರುವುದೆಂದು ಹೊರಟಳು.

“ನನ್ನ ಹತ್ರ ಬಾಯಿ ಕಟ್ಟುತ್ತೆ, ಇವರ ಹತ್ರ ಬಿಚ್ಚುತ್ತಾ?”

ಅವನ ಮುಖ ಬಿಳಚಿಕೊಂಡಿತು. ಹೆಂಗಸೇ ಎದ್ದು, ತಾನು ಆಸ್ಪತ್ರೆಯ ಸ್ಪೀಚ್ ಥೆರಪಿಸ್ಟ್ ಅಂದಳು. ಅವನಿಗಿರುವುದು ಏಪ್ರಾಕ್ಸಿಯಾ. ತಲೆಯಲ್ಲಿ ಮಾತು ನೆಟ್ಟಗಿದೆ, ನಾಲಿಗೆಗೆ ಬಲವೂ ಇದೆ. ಯಾವುದು ಯಾವಾಗ ಹೇಗೆ ಅಲುಗಬೇಕೆಂಬ ಅಪ್ಪಣೆ ಮಾತ್ರ ದಾರಿ ತಪ್ಪುತ್ತದೆ. ರೂಢಿಯ ಮಾತು, ಹಾಡು, ಬೈಗುಳ ತಾವಾಗಿ ಉರುಳುತ್ತವೆ. ಯೋಚಿಸಿ ಆಡಬೇಕಾದ್ದೇ ಕಷ್ಟ. ಅದಕ್ಕೇ ತುಟಿ ನೋಡಿ, ಕೈ ತಟ್ಟಿದ ಲಯಕ್ಕೆ ಒಂದೊಂದೇ ಅಕ್ಷರ ಕಲಿಯುತ್ತಿದ್ದಾನೆ.

“ನನ್ನ ಹತ್ರಾನೇ ಯಾಕೆ ಹೆಚ್ಚು ಕಷ್ಟ?” ಹುಡುಗಿಯ ಅನುಮಾನ ಇನ್ನೂ ಬಿಟ್ಟಿರಲಿಲ್ಲ.

“ಅವಸರ ಮಾಡಿದಷ್ಟೂ ಸಿಕ್ಕಿಕೊಳ್ಳುತ್ತೆ. ನೀವು ಮಧ್ಯೆ ಬಾಯಿ ಹಾಕಿದ್ರೆ ಮತ್ತೆ ಮೊದಲಿಂದ. ಬರೆದುಕೊಡಿ ಅಂದೆ, ಇವರು ಕೇಳಲಿಲ್ಲ. ನಿಮಗೆ ಬಾಯಲ್ಲೇ ಹೇಳ್ಬೇಕಂತೆ.”

ಅಷ್ಟು ಹೇಳಿ ಆಕೆ ಬ್ಯಾಗು ಎತ್ತಿಕೊಂಡು ಹೊರಟುಬಿಟ್ಟಳು.

ಹುಡುಗಿ ಆ ಖಾಲಿ ಕುರ್ಚಿಯಲ್ಲಿ ಕೂತಳು. ಮೊಣಕಾಲಿಗೆ ಮೊಣಕಾಲು. ಅವನ ಕಣ್ಣು ಅವಳ ತುಟಿಗಿಳಿಯಿತು, ಅವಳ ಕಿವಿ ಬಿಸಿಯಾಯಿತು. ಅವನ ಕೈ ಹಿಡಿದು ಮೆಲ್ಲಗೆ ತಟ್ಟತೊಡಗಿದಳು.

“ಮಿ... ನಿ... ನ್ನ...”

ಸಿಕ್ಕಿಕೊಂಡ. ಮುಂದಿನ ಮಾತು ಅವಳ ನಾಲಿಗೆಯ ತುದಿಯಲ್ಲೇ ಇತ್ತು. ಹಲ್ಲು ಕಚ್ಚಿ ತಡೆದಳು. ಅಷ್ಟರಲ್ಲಿ ಯಾರೋ ಗಿರಾಕಿ ಒಳಗೆ ಕಾಲಿಟ್ಟರು.

“ಬನ್ನಿ, ಕೂತ್ಕೊಳ್ಳಿ,” ಅಂದ ಅವನು, ಸಲೀಸಾಗಿ.

ಇಬ್ಬರಿಗೂ ನಗು ತಡೆಯಲಾಗಲಿಲ್ಲ. ನಗುವಿನಿಂದ ಅವನ ಭುಜ ಸಡಿಲವಾಯಿತು. ಗಿರಾಕಿ ಗೋಡೆಯ ಕನ್ನಡಿಗಳನ್ನು ನೋಡುತ್ತ ನಿಂತರು. ಅವಳು ಮತ್ತೆ ತಟ್ಟಿದಳು.

“ನಿ... ನ್ನ... ನ್ನೇ... ಬ... ಮ... ದು... ವೆ... ಆಗ್... ತೀ... ನಿ.”

ಸೂಜಿ ಕಣ್ಣೊರೆಸಿಕೊಂಡು, ನಾಳೆ ಮಾವನ ಮುಂದೆ ಇದನ್ನೇ ಹೇಳಬೇಕು ಅಂದಳು. ಅವನು ಗಾಬರಿಯಿಂದ ಅವಳನ್ನು ನೋಡಿದ.

“ಎಷ್ಟು ಹೊತ್ತಾದ್ರೂ ಆಗ್ಲಿ. ಮಾವ ಕಾಯ್ತಾನೆ. ನಾನು ಬಾಯಿ ಹಾಕಲ್ಲ.”

ಅವನ ಕೈಮೇಲೆ ತಟ್ಟುವುದನ್ನು ಮಾತ್ರ ಅವಳು ನಿಲ್ಲಿಸಲಿಲ್ಲ.