ಹಸಿ ಸಿಂಹ

"ನಮ್ಮಪ್ಪ ಓಬಣ್ಣನ ಮೇಲೆ ಬಿತ್ತಲ್ಲ ಸಿಂಹ... ಅದನ್ನ ಮಾಡ್ದೋನು ಯಾವನು?"

ಸುತ್ತಿಗೆ ಹಿಡಿದು ಗೇಟಿನಲ್ಲಿ ನಿಂತ ಹುಡುಗಿಯನ್ನು ಕಂಡು, ಹೂಕುಂಡಗಳಿಗೆ ನೀರು ಬಿಡುತ್ತಿದ್ದ ಕೂಲಿಯಾಳು ಕಾಳಕ್ಕ ಪೈಪನ್ನು ಹಾಗೇ ಕೈಬಿಟ್ಟಳು.

ಮದಕರಿಪುರದ ದಾರಿಯಲ್ಲಿರುವ ಆ ಯಾರ್ಡಿನಲ್ಲಿ ಮನೆಯ ಗಾರ್ಡನ್ನಿಗೆ ಬೇಕಾದ ಕಾಂಕ್ರೀಟ್ ಗೊಂಬೆಗಳನ್ನು ಅಚ್ಚು ಹಾಕುತ್ತಾರೆ. ಜಿಂಕೆ, ಕೊಕ್ಕರೆ, ಕೂರಲು ಅಣಬೆ, ಗೇಟಿನ ಪಕ್ಕ ಕೂರಿಸಲು ಸಿಂಹ. ಒಣಗುತ್ತಿದ್ದ ಜಿಂಕೆಗಳ ಸಾಲಿನ ನಡುವಿನಿಂದ ಒಬ್ಬ ಎದ್ದು ಬಂದ. ಮೊಣಕೈವರೆಗೂ ಸಿಮೆಂಟು ಮೆತ್ತಿತ್ತು.

"ನಾನೇ ರೀ. ದುರುಗೇಶ."

"ಹಸಿ ಇದ್ದಿದ್ನ ಗಟ್ಟಿ ಆಗೈತೆ, ಎತ್ರಿ ಅಂದೋನೂ ನೀನೇನಾ?"

ಅವನು ಕಾಳಕ್ಕನ ಕಡೆ ಒಮ್ಮೆ ನೋಡಿದ. ಆಮೇಲೆ ತಲೆ ತಗ್ಗಿಸಿದ.

"ಹೂಂ... ನಾನೇ."

ದೇವಿಕಾಳ ಸುತ್ತಿಗೆ ಹತ್ತಿರದ ಜಿಂಕೆಯ ಮೇಲೆ ಬಿತ್ತು. ಕಿವಿ ಹಾರಿತು, ಕತ್ತು ಹಾರಿತು! ಅವನು ತಡೆಯಲಿಲ್ಲ.

"ಹೊಡೀರಿ. ಎಲ್ಲಾ ನಾನೇ ಮಾಡಿರೋವು."

ಮೂರನೇ ಏಟಿಗೆ ಸುತ್ತಿಗೆ ಕೈಜಾರಿತು. ಅವಳು ಅಲ್ಲೇ ಕುಸಿದು ಕೂತು ಹೋ ಎಂದು ಅತ್ತುಬಿಟ್ಟಳು. ಅಪ್ಪ ಸತ್ತು ಹನ್ನೊಂದು ದಿನವಾಗಿತ್ತು, ಅವಳು ಅತ್ತಿದ್ದು ಅವತ್ತೇ ಮೊದಲು. ಅದನ್ನು ಇವನು ನೋಡಿದನಲ್ಲ ಎಂದು ಇನ್ನಷ್ಟು ಸಿಟ್ಟು ಬಂತು.

ಯಾರ್ಡಿನ ಯಜಮಾನ ಪರಮೇಶ್ವರಪ್ಪನವರು ಆ ವಾರವೇ ಅವಳ ಮನೆಗೆ ಬಂದರು. ತಾಯಿ ಮೊದಲೇ ಇರಲಿಲ್ಲ, ಈಗ ಅಪ್ಪನೂ ಹೋಗಿ ಹುಡುಗಿ ಒಂಟಿಯಾಗಿದ್ದಳು.

"ನಿಮ್ಮಪ್ಪನ ಬಣ್ಣದ ಕೆಲಸ ನೀನೇ ಮಾಡು ತಾಯಿ. ಆ ದುರುಗೇಶಂದು ಚಿಂತೆ ಬ್ಯಾಡ. ಕೈಯಾಗಿರೋ ಆರ್ಡರ್ ಮುಗಿದ ದಿವಸ ಅವನ್ನ ಕಳಿಸಿಬಿಡ್ತೀನಿ. ಈ ಸುದ್ದಿ ಕೇಳಿದ ಮ್ಯಾಲೆ ಹಿರಿಯೂರು, ಹೊಳಲ್ಕೆರೆ, ಎಲ್ಲೋದ್ರೂ ಅವನ ಕೈಗೆ ಯಾರೂ ಅಚ್ಚು ಕೊಡಂಗಿಲ್ಲ."

ಆ ದಿನವನ್ನು ಕಣ್ಣಾರೆ ನೋಡಬೇಕೆಂದೇ ದೇವಿಕಾ ಕೆಲಸಕ್ಕೆ ಸೇರಿದಳು.

ಅಪ್ಪ ಕೂರುತ್ತಿದ್ದ ಶೆಡ್ಡಿನಲ್ಲಿ, ಅಪ್ಪನ ಬ್ರಶ್ಶುಗಳನ್ನೇ ಹಿಡಿದು ಕೊಕ್ಕರೆಗೆ ಬಿಳಿ, ಜಿಂಕೆಗೆ ಕಂದು ಬಳಿಯುತ್ತ ಅವಳು ಅವನನ್ನೇ ನೋಡುತ್ತಿದ್ದಳು. ಅವನು ಯಾವಾಗ ಬರುತ್ತಾನೆ, ಒಬ್ಬನೇ ಕೂತು ಎಷ್ಟು ಉಣ್ಣುತ್ತಾನೆ, ಯಾವ ಅಂಗಿಯ ಗುಂಡಿ ಕಿತ್ತಿದೆ... ಎಲ್ಲ ಗೊತ್ತಾಗಿಹೋಯಿತು. ದ್ವೇಷ ಮಾಡುವವಳಿಗೆ ಅವನ ಅಂಗಿಯ ಗುಂಡಿ ಎಣಿಸುವ ಕೆಲಸ ಯಾಕೆ ಬೇಕಿತ್ತೋ!

ಒಂದು ದಿನ ಬಣ್ಣಕ್ಕೆ ಬೆರೆಸುವ ಥಿನ್ನರ್ ತಾಗಿ ಅವಳ ಬೆರಳುಗಳ ಚರ್ಮ ಸುಲಿಯಿತು. ಮರುದಿನ ಬಣ್ಣದ ಡಬ್ಬಿಗಳ ಪಕ್ಕ ಕೊಬ್ಬರಿ ಎಣ್ಣೆಯ ಬಾಟಲಿ ಇತ್ತು.

"ಯಾರಿಟ್ಟಿದ್ದು?" ಎಂದು ಕೂಗಿದಳು.

"ಹಚ್ಕಳ್ರಿ," ಎಂದ ಅವನು ದೂರದಿಂದಲೇ, ತಿರುಗಿ ನೋಡದೆ.

ಅವಳು ಬಾಟಲಿಯನ್ನು ಎಸೆದಳು. ಸಂಜೆ ಎಲ್ಲರೂ ಹೋದ ಮೇಲೆ ಹುಡುಕಿ ತಂದು ಹಚ್ಚಿಕೊಂಡಳು. ಅಪ್ಪನನ್ನು ಕೊಂದವನ ಎಣ್ಣೆ! ಥೂ, ನನಗೆ ನಾಚಿಕೆಯಾಗಬೇಕು... ಎಂದು ತನ್ನನ್ನೇ ಬೈದುಕೊಂಡಳು.

ಗೊಂಬೆ ಗಟ್ಟಿಯಾಗಿದೆಯೋ ಇಲ್ಲವೋ ಎಂದು ತಿಳಿಯಲು ಆ ಕೆಲಸದವರು ದಿನ ಎಣಿಸಿ ಸುಮ್ಮನಾಗುವುದಿಲ್ಲ. ಬೆರಳ ಗೆಣ್ಣಿನಿಂದ ತಟ್ಟಿ ಕೇಳುತ್ತಾರೆ. ಗಟ್ಟಿಯಾಗಿದ್ದರೆ ಠಣ್ ಎನ್ನುತ್ತದೆ, ಒಳಗೆ ಹಸಿಯಿದ್ದರೆ ಮಂಕಾಗಿ ದಬ್ ಎನ್ನುತ್ತದೆ. ಇಪ್ಪತ್ತೆರಡು ವರ್ಷ ಆ ಯಾರ್ಡಿನಲ್ಲಿ ಓಬಣ್ಣ ತಟ್ಟಿ 'ಹೂಂ' ಅಂದ ಮೇಲೆಯೇ ಗೊಂಬೆ ಗಾಡಿ ಏರುತ್ತಿತ್ತು.

ಈಗ ದುರುಗೇಶ ತಟ್ಟುತ್ತಿದ್ದ. ಆದರೆ ದೇವಿಕಾಳಿಗೆ ಒಂದು ವಿಚಿತ್ರ ಕಾಣಿಸಿತು. ಅವನು ತಟ್ಟಿ, ಕಿವಿಗೊಟ್ಟು, ತಟ್ಟನೆ ಬಣ್ಣದ ಶೆಡ್ಡಿನ ಕಡೆ ಮುಖ ಎತ್ತಿ ಸಣ್ಣಗೆ ತಲೆ ಆಡಿಸುತ್ತಿದ್ದ. ಅಲ್ಲಿ ಅವಳನ್ನು ಕಂಡೊಡನೆ ಪೆಚ್ಚಾಗಿ ಮುಖ ತಿರುಗಿಸುತ್ತಿದ್ದ. ಒಂದು ಸಲವಲ್ಲ, ದಿನಾ ಹೀಗೆಯೇ.

ಅಪ್ಪ ಕೂರುತ್ತಿದ್ದ ಜಾಗಕ್ಕೆ ಇವನು ಯಾಕೆ ಸನ್ನೆ ಮಾಡುತ್ತಾನೆ?

ಮೂರು ತಿಂಗಳಾಗಿ, ಆರ್ಡರಿನ ಕೊನೆಯ ಗಾಡಿ ಹೋದ ಮಧ್ಯಾಹ್ನ ಅವಳು ಕಾಳಕ್ಕನನ್ನು ಹಿಡಿದು ನಿಲ್ಲಿಸಿ, ಅವತ್ತು ದುರುಗೇಶ ನಿಜಕ್ಕೂ ಏನು ಮಾಡಿದ ಎಂದು ಕೇಳಿದಳು. ಕಾಳಕ್ಕ ಸೆರಗಿನಲ್ಲಿ ಮುಖ ಒರೆಸಿಕೊಂಡಳು.

"ನನ್ನ ಬಾಯಿ ಬಿಡಿಸಬ್ಯಾಡ ಕಣವ್ವ. ಕೈ ಮುಗ್ದಿದ್ದ ಅವ್ನು... ಅವತ್ತು ಅವ್ನು ಯಾರ್ಡಿಗೇ ಬಂದಿರ್ಲಿಲ್ಲ. ಹುಷಾರಿಲ್ಲದ ಅಕ್ಕನ್ನ ನೋಡಾಕೆ ಹಿಂದಿನ ದಿನವೇ ಧರ್ಮಪುರಕ್ಕೆ ಹೋಗಿದ್ದ. ಯಜಮಾನ್ರೂ ಊರಾಗಿರ್ಲಿಲ್ಲ. ಆ ಸಿಂಹ ತಟ್ಟಿ ಎತ್ರಿ ಅಂದೋನು ನಿಮ್ಮಪ್ಪನೇ!"

ದುರುಗೇಶ ಕರಣೆ ತೊಳೆದು ಚೀಲ ಕಟ್ಟುತ್ತಿದ್ದ. ದೇವಿಕಾ ಅವನ ಮುಂದೆ ಹೋಗಿ ನಿಂತಳು.

"ಸುಳ್ಳು ಯಾಕೆ ಹೇಳ್ದೆ?"

"ಯಾವ ಸುಳ್ಳು?"

"ದುರುಗೇಶ್! ಅಪ್ಪ ಇಪ್ಪತ್ತೆರಡು ವರ್ಷದಿಂದ ತಟ್ಟಿ ನೋಡೋರು. ಹಸಿ ಸಿಂಹ ಅವ್ರಿಗೆ ಗೊತ್ತಾಗ್ಲಿಲ್ವಾ?"

ಅವನು ಚೀಲದ ಗಂಟನ್ನು ಇನ್ನೊಮ್ಮೆ ಬಿಗಿದ.

"ಅವ್ರಿಗೆ ಕಿವಿ ಕೇಳ್ತಿರ್ಲಿಲ್ಲ ರೀ," ಎಂದ ಕೊನೆಗೆ. "ಎರಡು ವರ್ಷ ಆಗಿತ್ತು. ಗೊತ್ತಾದ್ರೆ ಕೆಲಸ ಬಿಡಿಸ್ತಾರೆ ಅಂತ ಹೆದರ್ತಿದ್ರು. ನಾನು ಮೊದಲೇ ತಟ್ಟಿ ನೋಡಿ ತಲೆ ಆಡಿಸ್ತಿದ್ದೆ. ಆಮೇಲೆ ಅವ್ರು ಎಲ್ಲರ ಮುಂದೆ ತಟ್ಟಿ ಹೂಂ ಅಂತಿದ್ರು. ಅವತ್ತು ಗಾಡಿ ಒಂದಿನ ಮುಂಚೆನೇ ಬಂತು. ತಲೆ ಆಡಿಸಾಕೆ ನಾನಿರ್ಲಿಲ್ಲ. ಗಾಡಿಯೋರ ಮುಂದೆ ಸಣ್ಣೋನಾಗಬಾರದು ಅಂತ ತಟ್ಟಿ, ಗಟ್ಟಿ ಐತೆ ಅಂದುಬಿಟ್ಟವ್ರೆ. ಎತ್ತುವಾಗ ಸಿಂಹದ ಮುಂಗಾಲು ಮುರೀತು. ಕೆಳಗೆ ಭುಜ ಕೊಟ್ಟಿದ್ದೋರು ಅವ್ರೇ."

"ಆದ್ರೆ ನೀನ್ಯಾಕೆ ತಪ್ಪು ಹೊತ್ಕಂಡೆ?"

"ಕಿವುಡ, ತನ್ನ ತಪ್ಪಿಗೆ ತಾನೇ ಸತ್ತ ಅಂತ ಜನ ಆಡ್ಕಳ್ಳೋದು ಬ್ಯಾಡ ಅಂತ. ನಂಗೆ ಕೆಲಸ ಕಲಿಸಿದೋರು ಅವ್ರು. ಮತ್ತೆ... ಮುಚ್ಚಿಟ್ಟೋನು ನಾನೇ ಅಲ್ವೇನ್ರಿ? ನಾ ಒಂದು ಮಾತು ಯಜಮಾನ್ರಿಗೆ ಹೇಳಿದ್ರೆ ಇವತ್ತು ಅವ್ರು ಬದುಕಿರೋರು."

ಚೀಲ ಹೆಗಲಿಗೇರಿಸಿ ಅವನು ಗೇಟು ದಾಟಿ ಹೋದ. ಅವಳು ಮಾತ್ರ ನಿಂತೇ ಇದ್ದಳು.

ಮನೆಯಲ್ಲಿ ಟೀವಿ ಅಷ್ಟು ಜೋರಾಗಿ ಹಾಕುತ್ತಿದ್ದ ಅಪ್ಪ... ಕರೆದರೆ ತಿರುಗದ ಅಪ್ಪ... ಒಂದು ಕೇಳಿದರೆ ಇನ್ನೊಂದು ಹೇಳುತ್ತಿದ್ದ ಅಪ್ಪ. ಮೊಂಡುತನ ಅಂದುಕೊಂಡಿದ್ದಳು. ಎರಡು ವರ್ಷ ಒಂದೇ ಸೂರಿನಡಿ ಇದ್ದೂ ಮಗಳಿಗೆ ತಿಳಿಯದ್ದು ಇವನಿಗೆ ತಿಳಿದಿತ್ತು.

ಯಾರ್ಡಿನ ಮೂಲೆಯ ಕೋಣೆಯಲ್ಲಿ ಪರಮೇಶ್ವರಪ್ಪನವರು ಫೋನಿನಲ್ಲಿ ಹೊಸ ಮೇಸ್ತ್ರಿಯನ್ನು ಹುಡುಕುತ್ತಿದ್ದರು. ದೇವಿಕಾ ನೇರ ಒಳಗೆ ಹೋದಳು. ಬಾಯಿ ಮುಚ್ಚಿಕೊಂಡರೆ ಅಪ್ಪನ ಹೆಸರು ಉಳಿಯುತ್ತದೆ, ಅವನು ಹೋಗುತ್ತಾನೆ. ಬಾಯಿ ಬಿಟ್ಟರೆ?

"ಯಜಮಾನ್ರೇ, ತಪ್ಪು ನಮ್ಮಪ್ಪಂದು," ಎಂದು ಎಲ್ಲವನ್ನೂ ಹೇಳಿದಳು. ಒಂದನ್ನೂ ಮುಚ್ಚಲಿಲ್ಲ.

ಅವರು ತಲೆಯ ಮೇಲೆ ಕೈ ಹೊತ್ತರು. "ಅಲ್ಲಮ್ಮ, ನಾಳೆ ಊರೆಲ್ಲ ಓಬಣ್ಣನ ಬಗ್ಗೆ ಏನಂತಾರೆ ಗೊತ್ತಾ?"

"ಅನ್ಲಿ. ಸತ್ತೋರ ಹೆಸರು ಉಳಿಸಾಕೆ ಬದುಕಿರೋನ ಬಾಳು ಹಾಳು ಮಾಡಬೇಕಾ?"

ಅವರು ಫೋನನ್ನು ಜೇಬಿಗಿಟ್ಟರು. "ಹೋಗು. ಬಸ್ಸು ಹತ್ತೋಕೆ ಮುಂಚೆ ಕರ್ಕಂಬಾ ಅವನ್ನ."

ರಸ್ತೆಯಾಚೆ ಬೇವಿನ ಮರದ ಕೆಳಗೆ ಅವನು ಚೀಲದ ಪಕ್ಕ ನಿಂತಿದ್ದ. ಅವಳು ಏದುಸಿರು ಬಿಡುತ್ತ ಓಡಿಬಂದಳು.

"ಹೇಳ್ಬಿಟ್ಟೆ. ಎಲ್ಲಾ."

"ಯಾಕೆ ರೀ?! ಮೂರು ತಿಂಗಳು ಬಾಯಿ ಕಟ್ಕಂಡಿದ್ದೆ ನಾನು!"

"ಆ ಮೂರು ತಿಂಗಳು ನಿನ್ನ ದ್ವೇಷ ಮಾಡಾಕೆ ಅಂತ ನಿನ್ನ ಬಿಟ್ಟು ಬ್ಯಾರೆ ಏನೂ ನೋಡ್ಲಿಲ್ಲ ನಾನು. ಈಗ ನೋಡ್ದಂಗೆ ಇರಾಕೆ ಆಗಲ್ಲ ದುರುಗೇಶ್. ಹೋಗ್ಬ್ಯಾಡ."

ಅವನ ಕಣ್ಣು ತುಂಬಿತು. "ನನ್ನ ನೋಡ್ದಾಗೆಲ್ಲ ನಿಮಗೆ ನಿಮ್ಮಪ್ಪನೇ ನೆನಪಾಗ್ತಾರೆ."

"ಆಗ್ಲಿ. ನಿನ್ನ ಬಿಟ್ರೆ ಅಪ್ಪನ ಮಾತು ಆಡಾಕೆ ನಂಗೆ ಇನ್ಯಾರು ಅದಾರೆ?" ಅವಳು ಮರದ ಕಟ್ಟೆಯ ಮೇಲೆ ಕುಸಿದಳು. "ಅವತ್ತು ಬೆಳಿಗ್ಗೆ ಮೂರು ಸಲ ತಿಂಡಿಗೆ ಕರೆದೆ. ತಿರುಗಲಿಲ್ಲ. ಹಾಳಾಗಿ ಹೋಗು ಅಂದೆ... ಅದೇ ನಾ ಅಪ್ಪಂಗೆ ಅಂದಿದ್ದ ಕಡೇ ಮಾತು."

ಬಸ್ಸು ಬಂದು ನಿಂತಿತು. ದುರುಗೇಶ ಕಂಡಕ್ಟರನ ಕಡೆ ಕೈ ಬೀಸಿದ. ಬಸ್ಸು ಹೋಯಿತು.

"ಅದನ್ನ ಅವ್ರು ಕೇಳಿಸ್ಕಂಡಿಲ್ಲ ದೇವಿಕಾ," ಎಂದ ಮೆಲ್ಲಗೆ. ಮೊದಲ ಸಲ ಅವಳನ್ನು ಹೆಸರು ಹಿಡಿದು ಕರೆದಿದ್ದ. "ನನ್ಹತ್ರ ಹೇಳ್ತಿದ್ರು. ಮಗಳು ಬಯ್ಯೋದು ಒಂದೂ ಕೇಳಲ್ಲ ಕಣೋ, ಸುಮ್ಕೆ ಅವಳ ಮುಖ ನೋಡ್ತಾ ಕುಂತಿರ್ತೀನಿ, ಸಿಟ್ಟು ಬಂದಾಗ ಥೇಟ್ ಅವರವ್ವನಂಗೇ ಕಾಣ್ತಾಳೆ ಅಂತ. ನಗ್ತಾ ಹೇಳ್ತಿದ್ರು."

ದೇವಿಕಾ ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡಳು. ಎಷ್ಟೋ ಹೊತ್ತು ಅತ್ತಳು. ಈ ಸಲ ಅವನು ನೋಡುತ್ತಿದ್ದಾನೆಂದು ಅವಳಿಗೆ ಸಿಟ್ಟು ಬರಲಿಲ್ಲ.

"ಇನ್ನೊಂದ್ಸಲ ಹೇಳು," ಎಂದಳು.

"ಏನ್ನ?"

"ಅಪ್ಪ ನಗ್ತಾ ಹೇಳ್ತಿದ್ದಿದ್ನ."

ಅವನು ಚೀಲವನ್ನು ಪಕ್ಕಕ್ಕೆ ಸರಿಸಿ ಅವಳ ಜೊತೆ ಕೂತ. ಮೊದಲಿಂದ ಹೇಳತೊಡಗಿದ.