ಕೂರಬಾರದ ಕುರ್ಚಿ

"ಏಳ್ರಿ ಮೊದಲ! ಮುಟ್ಟಬ್ಯಾಡ್ರಿ ಅದನ್ನ!"

ಕೂಗು ಕೆಥೆಡ್ರಲ್ಲಿನ ಎತ್ತರದ ಛಾವಣಿಗೆ ಬಡಿದು ಹಿಂತಿರುಗಿ ಶೋಭನಾಳ ಬೆನ್ನ ಮೇಲೆಯೇ ಬಿದ್ದಂತಾಯಿತು. ಯಾಕೆಂದು ತಿಳಿಯುವ ಮೊದಲೇ ಅವಳು ಎದ್ದು ನಿಂತಿದ್ದಳು. 'ಏಳು' ಎಂದರೆ ಏಳುವುದು ಅವಳ ಮೈಗೆ ಅಭ್ಯಾಸವಾಗಿಬಿಟ್ಟಿತ್ತು.

ಅವಳು ಮಾಡಿದ್ದಾದರೂ ಏನು? ಹೊರಗೆ ಏಪ್ರಿಲ್‌ನ ಬಿಸಿಲು. ಹೊಸ ಬಿಷಪ್ಪರು ಅಧಿಕಾರ ವಹಿಸಿಕೊಳ್ಳುವ ದಿನದ ಸಸ್ಯಾಹಾರಿ ಊಟದ ಕೆಲಸ ಅವಳ ಅಪ್ಪ ವಿಷ್ಣುಮೂರ್ತಿಯವರಿಗೆ ಸಿಕ್ಕಿತ್ತು. ಪೆಂಡಾಲು ಎಲ್ಲಿ ಹಾಕಬೇಕು, ಒಲೆ ಎಲ್ಲಿ ಹೂಡಬೇಕು ಎಂದು ಹುಲ್ಲುಹಾಸಿನಲ್ಲೆಲ್ಲ ತಿರುಗಿ ಕಾಲು ಸೋತು ಒಳಗೆ ಬಂದಿದ್ದಳು. ವೇದಿಕೆಯ ಮೇಲೆ ಕೆತ್ತನೆಯ ದೊಡ್ಡ ಕುರ್ಚಿ, ಅದರ ಮೇಲೆ ಕಪ್ಪು ಮರದ ಛತ್ರ. ಅಪ್ಪನಿಗೆ ಫೋನು ಮಾಡುತ್ತಾ ಕೂತೇಬಿಟ್ಟಿದ್ದಳು.

ಅಪ್ಪ ಬಂದು ನೆಲೆಸಿದ್ದ ಆ ಬಂಗಾಳಿ ನಗರದಲ್ಲಿ ಕನ್ನಡ ಕೇಳುವುದೇ ಅಪರೂಪ. ಫೋನಿನಲ್ಲಿ ಅವಳಾಡಿದ ಕನ್ನಡ ಕೇಳಿಯೇ ಅವನೂ ಕನ್ನಡದಲ್ಲಿ ಕೂಗಿದ್ದು. ಕೈಗೆ ರಬ್ಬರಿನ ಗವಸು ಹಾಕಿದ್ದ ಎತ್ತರದ ಮನುಷ್ಯ ಪಕ್ಕದ ಬಾಗಿಲಿನಿಂದ ಓಡಿ ಬಂದ.

"ಕೈ ತೊಳಕೊಳ್ರಿ. ಸೀರೀನೂ ತೊಳೀಬೇಕು. ಹಿಂದ ನಲ್ಲಿ ಐತಿ, ಹೋಗ್ರಿ."

ತೊಳೆಯಬೇಕೇ? ನಾನು ಮುಟ್ಟಿದ್ದಕ್ಕೆ?

ಶೋಭನಾ ಹೊರಗೆ ನಡೆದಳು. ನಲ್ಲಿಯ ಕಡೆ ತಿರುಗಿಯೂ ನೋಡಲಿಲ್ಲ. ಬಸ್ಸಿನಲ್ಲಿ ಕೂತ ಮೇಲೆ ಕಣ್ಣು ತುಂಬಿತು. ಕೋಟದ ಕಡೆಯ ಮಡಿಯ ಮನೆಯಲ್ಲಿ ಹುಟ್ಟಿದವಳು ಅವಳು. ಅಮ್ಮ ಅಡುಗೆಯ ಸಹಾಯಕ್ಕೆ ಬಂದವರಿಗೆ 'ಅದನ್ನು ಮುಟ್ಟಬೇಡ' ಎನ್ನುವುದನ್ನು ಕೇಳುತ್ತಲೇ ಬೆಳೆದಿದ್ದಳು. ಅದನ್ನು ಕೇಳಿಸಿಕೊಂಡವರಿಗೆ ಹೇಗಾಗುತ್ತದೆ ಎಂದು ಯಾವತ್ತೂ ಯೋಚಿಸಿರಲಿಲ್ಲ. ಇವತ್ತು ಗೊತ್ತಾಯಿತು.

ಆದರೆ ಅವಳನ್ನು ಹೆಚ್ಚು ಚುಚ್ಚಿದ್ದು ಆ ಮೊದಲನೆಯ ಮಾತು. ನ್ಯೂ ಟೌನಿನ ಗಂಡನ ಮನೆಯಲ್ಲಿ ನೆಂಟರು ಬಂದರೆ ಅತ್ತೆ 'ಏಳು, ಅವರು ಕೂರಲಿ' ಎನ್ನುತ್ತಿದ್ದರು. ಕೊನೆಗೊಂದು ದಿನ ಊಟದ ಮೇಜಿನ ಮುಂದೆ ಗಂಡನೇ 'ಏಳು, ಮಾತು ಮುಗಿಯಿತು' ಎಂದಿದ್ದ. ಅವಳು ಎದ್ದು, ಚಪ್ಪಲಿ ಮೆಟ್ಟಿ, ಅದೇ ನಗರದ ಕಸ್ಬಾ ಬಡಾವಣೆಯ ತವರಿಗೆ ಬಂದಿದ್ದಳು. ವಿಚ್ಛೇದನವೂ ಆಯಿತು. ಇನ್ನು ಯಾರ ಬಾಯಿಂದಲೂ ಆ ಮಾತು ಕೇಳುವ ಹಾಗಾಗಬಾರದೆಂದು, ಯಾರ ಬದುಕಿನೊಳಗೂ ಕಾಲಿಡದೆ ಇದ್ದಳು.

ಸಂಜೆಗೆ ಅಂಗೈ ಕೆಂಪಾಗಿ ಉರಿಯತೊಡಗಿತು.

ಅಮ್ಮ ಸುಗುಣಾ ವಿಷಯ ಕೇಳಿ ಬೆಚ್ಚಿದರು. ಹಳೆಯ ಬಿಷಪ್ಪರು ನಿವೃತ್ತರಾಗಿ ಕುರ್ಚಿ ಬರಿದಾಗಿದೆ ಎಂದು ತಿಳಿದ ಮೇಲಂತೂ ಅವರ ಮುಖವೇ ಕಪ್ಪಿಟ್ಟಿತು.

"ಗುರುಪೀಠ ಅಂದ್ರೆ ಯಾರದ್ದಾದ್ರೂ ಗುರುಪೀಠವೇ ಮಗಳೇ. ಖಾಲಿ ಇದ್ದಾಗ ಕೂತ್ರೆ ಆ ಖಾಲಿ ನಮ್ಮ ಹಿಂದೆಯೇ ಮನೆಗೆ ಬರ್ತದೆ."

ಶೋಭನಾ ನಕ್ಕಳು. ಆದರೆ ದೀಪ ಆರಿಸಿ ಮಲಗಿದಾಗ ಆ ಬರಿದಾದ ಕುರ್ಚಿ ಕಣ್ಣ ಮುಂದೆ ಬಂದು ನಿಂತಿತು. ನಿಜವಾಗಿಯೂ ಏನೋ ಹಿಂಬಾಲಿಸಿ ಬಂದಿದೆಯೇನೋ...

ಮುಂದಿನ ವಾರ ಕೆಥೆಡ್ರಲ್ ಸಮಿತಿಯವರಿಗೆ ಅಡುಗೆಯ ರುಚಿ ತೋರಿಸಲು ಹೋದಾಗ ಅವನೇ ಎದುರಾದ. ಅವಳು ಮುಖ ತಿರುಗಿಸಿದಳು. ಅವನ ಕಣ್ಣು ಅವಳ ಅಂಗೈಯ ಮೇಲೆ ಬಿತ್ತು.

"ಅಯ್ಯ, ಇದಕ್ಕ ನೋಡ್ರಿ ನಾನು ಒದರಿದ್ದು. ಗೆದ್ದಲಿಗೆ ವಿಷ ಹೊಡೆದಿದ್ದೆ ಕುರ್ಚಿಗೆ. ಹಸೀನ ಇತ್ತು. ಬೋರ್ಡ್ ಯಾರೋ ತೆಗೆದಿಟ್ಟಿದ್ರು."

ಶೋಭನಾಳಿಗೆ ನೆಲವೇ ಬಾಯಿ ಬಿಡಬಾರದೇ ಎನಿಸಿತು. "ನಾನು... ಬೇರೆ ಎಂಥದೋ ತಿಳ್ಕೊಂಡೆ."

"ಏನ್ ತಿಳದ್ರಿ?"

"ಮಡಿ ಅಂತ."

ಅವನು ಜೋರಾಗಿ ನಕ್ಕ. ಆಮೇಲೆ ಆ ನಗು ತಾನಾಗಿಯೇ ನಿಂತಿತು. "ಮುಟ್ಟಬ್ಯಾಡ ಅಂತ ನಮ್ಮ ಮುತ್ತಜ್ಜಗ ಊರಾಗ ಅಂತಿದ್ರಂತ. ಅದಕ್ಕ ಅಂವ ಚರ್ಚಿನ ಬಾಗಿಲಕ್ಕ ಬಂದ. ಅದೇ ಮಾತು ನಾನು ನಿಮಗ ಅಂತೀನೇನ್ರಿ?"

ಅವನ ಹೆಸರು ಪ್ರದೀಪ. ಗದಗ-ಬೆಟಗೇರಿಯ ಹಳೆಯ ಮಿಷನ್ ಕುಟುಂಬದವನು. ಪುರಾತನ ಮರದ ಸಾಮಾನುಗಳನ್ನು ಉಳಿಸುವ ವಿದ್ಯೆಯಲ್ಲಿ ಇಲ್ಲಿನ ವಿಶ್ವವಿದ್ಯಾಲಯದಲ್ಲಿ ಸಂಶೋಧನೆ ಮಾಡುತ್ತಿದ್ದ. ಪೀಠಾರೋಹಣ ಮುಗಿದೊಡನೆ ಅವನ ಕೆಲಸವೂ ಮುಗಿದು ಊರಿಗೆ ಹೋಗುವವನಿದ್ದ.

ಅವತ್ತು ಅವನು ಕುರ್ಚಿಯ ಕಾಲಿನ ಬಳಿ ಅವಳನ್ನು ಬಗ್ಗಿಸಿ, ಮುಟ್ಟದೆ ಕಿವಿಗೊಟ್ಟು ಕೇಳಲು ಹೇಳಿದ. ಒಳಗೆಲ್ಲೋ ಸಣ್ಣ ಸರಸರ. ಒಣಗಿದ ಎಲೆಯ ಮೇಲೆ ಯಾರೋ ಮೆಲ್ಲಗೆ ನಡೆದಂತೆ. ವಿಷಕ್ಕೂ ಸಾಯದವು ಅಲ್ಲಿ ಇನ್ನೂ ತಿನ್ನುತ್ತಿದ್ದವು.

"ಹೊರಗ ಎಲ್ಲಾ ಛಂದ ಐತಿ. ಒಳಗ ಏನೂ ಉಳಿದಿಲ್ಲ," ಎಂದ ಅವನು.

ಅಂಥ ಮನೆಯಲ್ಲಿ ನಾನು ಸಂಸಾರ ಮಾಡಿದ್ದೆ, ಎಂದುಕೊಂಡಳು ಶೋಭನಾ.

ಒಂದು ಕುರ್ಚಿಗೆ ಯಾಕಿಷ್ಟು ಪಾಡು, ಹೊಸದು ಮಾಡಿಸಬಾರದೇ ಎಂದು ಕೇಳಿದಳು. ಅದಕ್ಕೆ ಅವನು ಉಡುಪಿಯ ಮಠಗಳನ್ನೇ ಎಳೆದು ತಂದ. ಮಠಕ್ಕೆ ಪೀಠ ಇದ್ದ ಹಾಗೆ ಇದು. ಊರಲ್ಲಿ ಇದಕ್ಕಿಂತ ದೊಡ್ಡ ಚರ್ಚು ಇದ್ದೀತು, ಹಳೆಯದೂ ಇದ್ದೀತು. ಆದರೆ ಬಿಷಪ್ಪರು ಕೂತು ಬೋಧಿಸುವ ಕುರ್ಚಿ ಯಾವ ಚರ್ಚಿನಲ್ಲಿದೆಯೋ ಅದು ಮಾತ್ರ ಕೆಥೆಡ್ರಲ್. ಆ ಹೆಸರು ಹುಟ್ಟಿದ್ದೇ ಕುರ್ಚಿ ಎನ್ನುವ ಮಾತಿನಿಂದ. ಸುತ್ತಲಿನ ಚರ್ಚುಗಳಿಗೆಲ್ಲ ಅದು ತಾಯಿಮನೆ. ಅಲ್ಲಿ ಕೂತವನು ಆಳುವುದಕ್ಕೆ ಕೂತವನಲ್ಲ, ಕಲಿಸುವುದಕ್ಕೆ, ಕಾಯುವುದಕ್ಕೆ.

ಶೋಭನಾ ತಲೆಯೆತ್ತಿ ನೋಡಿದಳು. ಇಷ್ಟು ಕಲ್ಲು, ಇಷ್ಟು ಬಣ್ಣದ ಗಾಜು, ಇಷ್ಟು ಎತ್ತರ... ಎಲ್ಲಕ್ಕೂ ಹೆಸರು ಕೊಟ್ಟದ್ದು ಒಂದು ಕೂರುವ ಜಾಗ. ಅದೇ ಈಗ ಒಳಗಿಂದ ಪುಡಿಯಾಗುತ್ತಿದೆ.

ಆಮೇಲೆ ಅವಳಿಗೆ ಅಲ್ಲಿಗೆ ಹೋಗಲು ದಿನಕ್ಕೊಂದು ನೆಪ ಸಿಕ್ಕಿತು. ಬಾಳೆಲೆ ಎಷ್ಟು ಬೇಕು, ನೀರಿನ ವ್ಯವಸ್ಥೆ ಎಲ್ಲಿ. ಹೋಗುವಾಗ ಡಬ್ಬಿಯಲ್ಲಿ ನೀರುದೋಸೆ. ಅವನು ಅದನ್ನು ಸುರುಳಿ ಸುತ್ತಿ ತಿನ್ನುತ್ತಾ, ಇದರಲ್ಲಿ ರೊಟ್ಟಿಯ ಗಟ್ಟಿತನ ಇಲ್ಲ, ನಿಮ್ಮ ಕಡೆಯವರು ಹಲ್ಲಿಗೆ ಕೆಲಸವನ್ನೇ ಕೊಡುವುದಿಲ್ಲ ಎಂದು ಕಾಡುತ್ತಿದ್ದ. ನಿಮ್ಮ ರೊಟ್ಟಿಯಿಂದ ಗೆದ್ದಲನ್ನು ಹೊಡೆಯಬಹುದು ಎಂದು ಅವಳು ತಿರುಗಿಸಿ ಹೇಳುತ್ತಿದ್ದಳು. ಅಪ್ಪ ಏನೂ ಕೇಳಲಿಲ್ಲ. ಅಮ್ಮ ಮಾತ್ರ ಡಬ್ಬಿ ತೊಳೆಯುವಾಗ ಅವಳ ಮುಖವನ್ನೇ ನೋಡುತ್ತಿದ್ದರು.

ನಾನು ಮತ್ತೆ ಒಂದು ಮನೆಯ ಹೊಸ್ತಿಲಲ್ಲಿ ನಿಂತಿದ್ದೇನೆಯೇ? ಬೇಡ... ಎಂದುಕೊಳ್ಳುತ್ತಲೇ ಅವಳು ಮರುದಿನದ ಹಿಟ್ಟು ರುಬ್ಬುತ್ತಿದ್ದಳು.

ಆದರೆ ಪ್ರದೀಪನ ನಗು ದಿನದಿಂದ ದಿನಕ್ಕೆ ಕಡಿಮೆಯಾಯಿತು. ಮಾತಿನ ನಡುವೆ ತಲೆಯೆತ್ತಿ ಕುರ್ಚಿಯ ಮೇಲಿನ ಛತ್ರವನ್ನು ನೋಡುತ್ತಿದ್ದ. ಕೆಳಗೆ ನೆಲದ ಮೇಲೆ ಬೆಳಿಗ್ಗೆ ಬೆಳಿಗ್ಗೆ ಹಿಟ್ಟಿನಂಥ ಪುಡಿ ಬಿದ್ದಿರುತ್ತಿತ್ತು. ಗುಡಿಸಿದರೂ ಮರುದಿನ ಮತ್ತೆ. ಛತ್ರವನ್ನು ಇಳಿಸಬೇಕೆಂದು ಅವನು ಸಮಿತಿಯ ಕಾರ್ಯದರ್ಶಿ ಮಿಹಿರ್ ಅವರನ್ನು ಮತ್ತೆ ಮತ್ತೆ ಕೇಳಿಕೊಂಡ. ಆ ಬಂಗಾಳಿ ಹಿರಿಯರು ಒಳ್ಳೆಯವರೇ. ಆದರೆ ಪೀಠಾರೋಹಣದ ದಿನ ಛತ್ರವಿಲ್ಲದ ಪೀಠವನ್ನು ಊಹಿಸಿಕೊಳ್ಳಲೂ ಅವರಿಂದಾಗಲಿಲ್ಲ. ಇಷ್ಟು ವರ್ಷ ನಿಂತದ್ದು ಇನ್ನೊಂದು ದಿನ ನಿಲ್ಲದೇ ಎಂದು ಅವನ ಹೆಗಲು ತಟ್ಟಿದರು.

"ಕಿಛು ಹೊಬೆ ನಾ, ಬಾಬಾ." ಏನೂ ಆಗುವುದಿಲ್ಲ ಎಂಬ ಸಮಾಧಾನ.

ಅದನ್ನು ಕೇಳಿದಾಗಲೆಲ್ಲ ಶೋಭನಾಳಿಗೆ ಮೈ ಜುಮ್ಮೆನ್ನುತ್ತಿತ್ತು. ಅವಳ ಮದುವೆಗೆ ಮುಂಚೆಯೂ ಎಲ್ಲರೂ ಹೀಗೆಯೇ ಹೇಳಿದ್ದರು.

ಒಂದು ಮಧ್ಯಾಹ್ನ ಅವಳು ಡಬ್ಬಿ ಮುಂದಿಟ್ಟಾಗ ಪ್ರದೀಪ ಅದನ್ನು ತೆಗೆಯಲಿಲ್ಲ. ಅವಳ ಮುಖವನ್ನೂ ನೋಡಲಿಲ್ಲ.

"ನಾಳಿಂದ ನೀವು ಒಳಗ ಬರಬ್ಯಾಡ್ರಿ."

ಅಷ್ಟೇ. ಕಾರಣವಿಲ್ಲ, ಇನ್ನೊಂದು ಮಾತಿಲ್ಲ. ಕೇಳಬಹುದಿತ್ತು. ಆದರೆ 'ಯಾಕೆ' ಎಂದು ಕೇಳುವ ಅಭ್ಯಾಸವೇ ಅವಳಿಗೆ ಎಂದೋ ತಪ್ಪಿಹೋಗಿತ್ತು. ಡಬ್ಬಿ ಎತ್ತಿಕೊಂಡು ಹೊರಟಳು. ಅವನ ಫೋನು ಬಂದಾಗ ತೆಗೆಯಲಿಲ್ಲ. ಎಲ್ಲರೂ ಕೊನೆಗೆ ಇದನ್ನೇ ಹೇಳುತ್ತಾರೆ. ಹೇಳುವ ಕನ್ನಡ ಮಾತ್ರ ಬೇರೆ ಬೇರೆ.

ಪೀಠಾರೋಹಣದ ಹಿಂದಿನ ಸಂಜೆ ಪೆಂಡಾಲಿನ ಕೆಲಸ ನೋಡಲು ಅವಳು ಬರಲೇಬೇಕಾಯಿತು. ಆಕಾಶ ಇದ್ದಕ್ಕಿದ್ದಂತೆ ತಾಮ್ರದ ಬಣ್ಣಕ್ಕೆ ತಿರುಗಿತು. ಕಾಗೆಗಳೆಲ್ಲ ಒಮ್ಮೆಲೇ ಸುಮ್ಮನಾದವು. ಕಾಲ್‌ಬೈಶಾಖಿ ಎಂಬ ಬೇಸಿಗೆಯ ಬಿರುಗಾಳಿ ಬಂತೆಂದು ಯಾರೋ ಕೂಗುವಷ್ಟರಲ್ಲಿ ಧೂಳಿನ ಗೋಡೆಯೇ ಎದ್ದು ಬಂತು. ಪೆಂಡಾಲಿನ ಬಟ್ಟೆ ಹರಿದು ಹಾರಿತು. ಕೆಲಸದವರೆಲ್ಲ ಕೆಥೆಡ್ರಲ್ಲಿನ ಮೊಗಸಾಲೆಗೆ ಓಡಿದರು.

ತೆರೆದ ಬಾಗಿಲಿನಲ್ಲಿ ಶೋಭನಾ ಒಳಗೆ ನೋಡಿದಳು.

ವೇದಿಕೆಯ ಮೇಲೆ ಒಂದೇ ದೀಪ. ಛತ್ರಕ್ಕೆ ನಾಳೆಯ ಹೂವಿನ ಹಾರಗಳು ಆಗಲೇ ಇಳಿಬಿದ್ದಿದ್ದವು. ಅದರ ಕೆಳಗೆ, ಏಣಿಯ ಮೇಲೆ, ಬಿದಿರಿನ ಆಸರೆ ಕೊಡುತ್ತಾ ಪ್ರದೀಪ ಒಬ್ಬನೇ ನಿಂತಿದ್ದ. ಅವನ ತಲೆಯ ಮೇಲೆ, ಹೆಗಲ ಮೇಲೆ, ಮರದ ಪುಡಿ ಬಿಡದೆ ಉದುರುತ್ತಿತ್ತು.

ಆ ಕ್ಷಣ ಅವಳಿಗೆ ಅರ್ಥವಾಯಿತು. 'ಮುಟ್ಟಬ್ಯಾಡ್ರಿ' ಎಂದದ್ದು ಯಾಕಾಗಿಯೋ 'ಬರಬ್ಯಾಡ್ರಿ' ಎಂದದ್ದೂ ಅದಕ್ಕಾಗಿಯೇ!

ಅವಳು ಒಳಗೆ ಓಡಿದಳು.

"ಹೊರಗ ಹೋಗ್ರಿ ಶೋಭನಾ!"

"ನೀವು ಇಳೀರಿ."

"ಇದೊಂದು ಆಸರಾ ಕೊಟ್ಟು ಬರ್ತೀನಿ. ನೀವು ಹೋಗ್ರಿ, ನಿಮ್ಮ ಕೈ ಮುಗೀತೀನಿ."

ಮೇಲೆ ಮರ ನರಳಿತು. ಹೋಗು ಎಂದಾಗಲೆಲ್ಲ ಹೋದ ಕಾಲುಗಳು ಶೋಭನಾಳವು. ಅವಳು ಏಣಿಯ ಬುಡಕ್ಕೆ ಬಂದು ಅದರ ಕಂಬವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಳು.

"ನೀವು ಇಳಿಯುವ ತನಕ ನಾನು ಇಲ್ಲಿಂದ ಹಂದುದಿಲ್ಲ."

ಅವನು ಅವಳ ಮುಖ ನೋಡಿದ. ಕೈಯಲ್ಲಿದ್ದ ಬಿದಿರನ್ನು ಬಿಟ್ಟ. ಇಳಿದು, ಅವಳ ತೋಳು ಹಿಡಿದು ಎಳೆದುಕೊಂಡು ಮೊದಲ ಸಾಲಿನ ಬೆಂಚುಗಳನ್ನು ದಾಟುವಷ್ಟರಲ್ಲಿ ಎಲ್ಲೋ ಒಂದು ಕಿಟಕಿ ಒಡೆದು ಗಾಳಿ ಒಳನುಗ್ಗಿತು. ಹೂವಿನ ಹಾರಗಳು ಒಮ್ಮೆ ತೂಗಿದವು. ಮುಂದಿನ ಸದ್ದಿಗೆ ಇಡೀ ಕೆಥೆಡ್ರಲ್ ನಡುಗಿತು.

ಧೂಳು ಇಳಿದಾಗ ಅಲ್ಲಿ ಛತ್ರವೂ ಇರಲಿಲ್ಲ, ಕುರ್ಚಿಯೂ ಇರಲಿಲ್ಲ. ಮರದ ಚೂರುಗಳ ರಾಶಿಯ ಮೇಲೆ ಹೂವು ಬಿದ್ದಿತ್ತು, ಗೋರಿಯ ಮೇಲಿನ ಹೂವಿನಂತೆ. ಏಣಿ ಅದರ ಅಡಿಯಲ್ಲೆಲ್ಲೋ ಇತ್ತು. ಇಬ್ಬರೂ ಒಬ್ಬರ ಕೈ ಒಬ್ಬರು ಬಿಡಲಿಲ್ಲ.

ಬೆಳಿಗ್ಗೆ ಮಿಹಿರ್ ಬೆಂಚಿನ ಮೇಲೆ ಕುಸಿದು ಕೂತಿದ್ದರು. ಪೀಠವೇ ಇಲ್ಲದ ಮೇಲೆ ಪೀಠಾರೋಹಣ ಹೇಗೆ ಎಂದು ಕಂಡಕಂಡವರನ್ನು ಕೇಳುತ್ತಿದ್ದರು. ಹೊಸ ಬಿಷಪ್ಪರು ಬಂದು ಆ ರಾಶಿಯ ಮುಂದೆ ನಿಂತರು. ಯಾರಿಗೂ ಪೆಟ್ಟಾಗಲಿಲ್ಲವಲ್ಲ ಎಂದು ಎರಡು ಸಲ ಕೇಳಿದರು. ಆಮೇಲೆ ಊಟದ ಪೆಂಡಾಲಿನಿಂದ ಒಂದು ಕುರ್ಚಿ ತರಿಸಿ ಎಂದರು. ಯಾವುದಾದರೂ ಸರಿಯೇ ಎಂದಾಗ ವಿಷ್ಣುಮೂರ್ತಿಯವರು ಪ್ಲಾಸ್ಟಿಕ್ ಕುರ್ಚಿಯೊಂದನ್ನು ತಮ್ಮ ಹೆಗಲ ಬಟ್ಟೆಯಿಂದ ಒರೆಸಿ ಕಳಿಸಿದರು.

ಆ ಬಿಳಿ ಕುರ್ಚಿಯ ಮೇಲೆ ಕೂತು ಬಿಷಪ್ಪರು ತಮ್ಮ ಮೊದಲ ಬೋಧನೆ ಮಾಡಿದರು. ಹಳೆಯ ಕುರ್ಚಿ ಮುರಿದ ಮೇಲೂ ಆ ಕಟ್ಟಡ ಕೆಥೆಡ್ರಲ್ಲೇ ಆಗಿತ್ತು. ಬಾಗಿಲ ಬಳಿ ನಿಂತ ಸುಗುಣಾ ಯಾರಿಗೂ ಕಾಣದಂತೆ ಕೈ ಮುಗಿದರು. ಮಗಳ ಕಡೆ ಒಮ್ಮೆ, ಮಗಳ ಪಕ್ಕದಲ್ಲಿದ್ದವನ ಕಡೆ ಒಮ್ಮೆ ನೋಡಿ, ಅಡುಗೆಯ ಕಡೆ ಹೋದರು. ಆ ನೋಟ ಶೋಭನಾಳಿಗೆ ಬಿರುಗಾಳಿಗೆ ಮುಂಚಿನ ನಿನ್ನೆಯ ಆಕಾಶದಂತೆ ಕಂಡಿತು.

ಊಟದ ಗದ್ದಲ ಇಳಿದ ಮೇಲೆ ಪ್ರದೀಪ ಅವಳನ್ನು ಹುಡುಕಿಕೊಂಡು ಬಂದ. ಪಶ್ಚಿಮದಲ್ಲಿ ಮತ್ತೆ ಮೋಡ ಕಟ್ಟುತ್ತಿತ್ತು.

"ಬರಬೇಡಿ ಅಂದ್ರಿ. ಯಾಕೆ ಅಂತ ಹೇಳ್ಬಹುದಿತ್ತಲ್ವಾ?" ಆ ಮಾತು ತನ್ನ ಬಾಯಿಂದ ಬಂದದ್ದು ಅವಳಿಗೇ ಆಶ್ಚರ್ಯವಾಯಿತು.

"ಹೇಳಿದ್ರ ನೀವು ಬಂದೇ ಬರ್ತಿದ್ರಿ."

"ಹೇಳದಿದ್ರೂ ಬಂದೆ."

"ಹೌದು. ಅದಕ್ಕ ಜೀವಂತ ಅದೀನಿ." ಅವನು ತಲೆ ತಗ್ಗಿಸಿದ. "ಆ ಮರ ಹೋದ್ರ ಹೋಗ್ಲಿ, ನಿಮಗೇನಾರ ಆದ್ರ ಅಂತ ನಿದ್ದಿ ಬರ್ತಿದ್ದಿಲ್ಲ ನನಗ. ಮನಸಿನಾಗ ಇದ್ದದ್ದು ಹೇಳಾಕ ಬರೂದಿಲ್ಲ, ಒದರೂದೊಂದ ಬರ್ತೈತಿ. ಊರಿಗೆ ಹೊಂಟೀನಿ ಶೋಭನಾ. ಒಬ್ಬನ ಹೋಗಾಕ ಮನಸಿಲ್ಲ."

ಹೆದರಿಕೆ ಹೋಗಿರಲಿಲ್ಲ. ಆದರೂ ಅವಳು ಹಿಂದೆ ಸರಿಯಲಿಲ್ಲ.

"ಒಂದು ಮಾತು ಕೊಡಿ. ಇನ್ನು ಮುಂದೆ ಏನಾದ್ರೂ ಬೇಡ ಅಂದ್ರೆ, ಯಾಕೆ ಅಂತಲೂ ಹೇಳ್ಬೇಕು. ಬರೀ ಬೇಡ ಕೇಳಿ ಕೇಳಿ ನಂಗೆ ಸಾಕಾಗಿದೆ."

"ಕೊಟ್ಟೆ."

"ಹಾಗಾದ್ರೆ ಬರ್ತೇನೆ. ಇವತ್ತಲ್ಲ. ಮನೆಯಲ್ಲಿ ಹೇಳಿದ ಮೇಲೆ."

ಅವನು ಅಡುಗೆಯ ಕಡೆ ನೋಡಿದ. ಸುಗುಣಾ ಅಲ್ಲಿಂದಲೇ ಇತ್ತ ನೋಡುತ್ತಿದ್ದರು. ಅವನ ದನಿ ಇಳಿಯಿತು.

"ನಿಮ್ಮ ಅಮ್ಮಾರು ಏನಂತಾರ?"

"ಮೊದಲು ಅಳ್ತಾರೆ. ತುಂಬಾ ದಿನ. ಮತ್ತೆ, ಊಟ ಆಯ್ತಾ ಅಂತ ಕೇಳ್ತಾರೆ. ನಿಮ್ಮ ಅಮ್ಮ?"

"ನಮ್ಮವ್ವ ಮೊದಲ ಊಟ ಆತೇನು ಅಂತಾಳ." ಪ್ರದೀಪ ಅವಳ ಬೆರಳುಗಳನ್ನು ಮೆಲ್ಲಗೆ ಹಿಡಿದುಕೊಂಡ. "ಆಮ್ಯಾಲೆ ಅಳ್ತಾಳ."