ಟ್ರಿಗ್ ಸಾಹೇಬನ ಕುರ್ಚಿ

ಲಂಡನ್ನಿನ ಕೋರ್ಟುಗಳಲ್ಲಿ ಮೂವತ್ತು ವರ್ಷ ಕಳ್ಳರ, ಕೊಲೆಗಾರರ ಮುಖ ನೋಡಿ ಚಿತ್ರ ಬರೆದ ಆಂಬ್ರೋಸ್ ಟ್ರಿಗ್‌ನನ್ನು ಪತ್ರಿಕೆಯವರು ಎರಡೇ ಸಾಲಿನ ಪತ್ರದಲ್ಲಿ ಕೈಬಿಟ್ಟರು: ಸೋಮವಾರದಿಂದ ಚಿತ್ರವೆಲ್ಲ ಇಮೊಜೆನ್ ಫಾಸ್ ಬರೆಯುತ್ತಾಳೆ. ಮೊನ್ನೆ ಮೊನ್ನೆ ಬಂದ ಹುಡುಗಿ! ಅವನಿಗೆ ಹೊಟ್ಟೆ ಉರಿದುಹೋಯಿತು.

ಉಪಾಯ ಹೊಳೆದದ್ದು ಚಹಾ ಕುಡಿಯುವಾಗ. ಕೋರ್ಟಿನೊಳಗೆ ಚಿತ್ರ ಬರೆಯುವಂತಿಲ್ಲ, ಅದು ಅಪರಾಧ. ಕಣ್ಣಲ್ಲಿ ತುಂಬಿಕೊಂಡು ಬಂದು ಹೊರಗೆ ಬರೆಯಬೇಕು. ಒಳಗೆ ಒಂದು ಗೆರೆ ಎಳೆದರೂ ಆ ಚಿತ್ರಕಾರನ ಕತೆ ಮುಗಿಯಿತು. ಇಮೊಜೆನ್‌ಳ ಕುರ್ಚಿಯ ಕೆಳಗೆ ಅವಳೇ ಬರೆದಂತಿರುವ ಚಿತ್ರ ಸಿಕ್ಕರೆ ಸಾಕಲ್ಲವೇ?

ಶುಕ್ರವಾರ ಬೆಳಿಗ್ಗೆ ಅವಳೇ ಹತ್ತಿರ ಬಂದಳು.

"ಟ್ರಿಗ್ ಅವ್ರೇ, ಪಕ್ಕದಲ್ಲಿ ನಂಗೂ ಒಂದು ಕುರ್ಚಿ ಹಾಕ್ಕೊಳ್ಲಾ? ಆ ಗೋಡೆ ಕಡೆಯಿಂದ ಜಡ್ಜ್ ಮುಖ ಅರ್ಧಾನೇ ಕಾಣೋದು."

"ಮೂವತ್ತು ವರ್ಷದಿಂದ ಈ ಗೋಡೆಗೆ ನಾನೊಬ್ನೇ ಕಣಮ್ಮ. ನಾನು ಸತ್ತ ಮೇಲೆ ಬಾ."

ವರದಿಗಾರರೆಲ್ಲ ನಕ್ಕರು. ಅವಳು ಎದುರು ಗೋಡೆಯ ಕಡೆಗೆ ಹೋಗಿ ಅವರ ಜೊತೆ ಕೂತಳು.

ಊಟದ ಬಿಡುವಿನಲ್ಲಿ ಆಂಬ್ರೋಸ್ ಶೌಚಾಲಯದ ಚಿಲಕ ಹಾಕಿಕೊಂಡ. ಅವಳು ಬಳಸುವಂಥ ಕಂದು ಕಾಗದ, ಕೆಂಪು ಸೀಮೆಸುಣ್ಣ, ಜಡ್ಜ್ ತಲೆಯ ವಿಗ್ಗಿಗೆ ಅವಳು ಸುತ್ತುವ ಸೋಮಾರಿ ಸುರುಳಿಗಳು. ಎಂಟೇ ನಿಮಿಷ! ಜಡ್ಜ್ ಕ್ವಿಲ್ಟರ್‌ಗೆ ಅಂದು ಕತ್ತು ಹಿಡಿದುಕೊಂಡಿತ್ತು. ಬೆಳಿಗ್ಗೆಯಿಂದ ಆಚೀಚೆ ತಿರುಗದೆ ನೇರ ವಕೀಲರನ್ನೇ ನೋಡುತ್ತಿದ್ದರು. ಗಡ್ಡ ಹೆರೆಯುವಾಗ ಕೊಯ್ದುಕೊಂಡ ಎಡಗೆನ್ನೆಗೆ ಒಂದು ಪಟ್ಟಿ. ಆಂಬ್ರೋಸ್ ಅದನ್ನೂ ಮರೆಯದೆ ಬರೆದ. ಇನ್ನು ಇದು ಹಳೆಯ ಚಿತ್ರವೆಂದು ಯಾರೂ ವಾದಿಸುವಂತಿಲ್ಲ. ಖಾಲಿ ಕೋರ್ಟಿನಲ್ಲಿ ಅವಳ ಕುರ್ಚಿಯ ಕೆಳಗೆ ಕಾಗದ ತೂರಿಸಿ, ಭಲೇ ಎಂದು ತನ್ನ ಬೆನ್ನು ತಾನೇ ತಟ್ಟಿಕೊಂಡ.

ಮಧ್ಯಾಹ್ನ ಕೋರ್ಟಿನ ಸಿಬ್ಬಂದಿ ಪೆಗ್ಸಮ್ಮನಿಗೆ ಆ ಕಾಗದ ಸಿಕ್ಕಿತು, ಜಡ್ಜ್ ಕೈಗೂ ಹೋಯಿತು. ಇಮೊಜೆನ್ ಬಿಳಿಚಿಕೊಂಡಳು.

"ನಂದಲ್ಲ, ಮೈ ಲಾರ್ಡ್! ದೇವರಾಣೆ ನಂದಲ್ಲ!"

ಪಾಪ ಎನಿಸಿತು ಆಂಬ್ರೋಸ್‌ಗೆ, ಅರ್ಧ ಕ್ಷಣ.

ಜಡ್ಜ್ ಚಿತ್ರವನ್ನೇ ನೋಡುತ್ತ ಪಟ್ಟಿಯ ಮೇಲೆ ಕೈಯಿಟ್ಟುಕೊಂಡರು. "ನೀನು ಕೂತಿರೋ ಕಡೆಯಿಂದ ನನ್ನ ಯಾವ ಕೆನ್ನೆ ಕಾಣ್ಸತ್ತಮ್ಮ?"

"ಬಲಗೆನ್ನೆ, ಮೈ ಲಾರ್ಡ್. ಬೆಳಿಗ್ಗೆಯಿಂದ ಅದೊಂದೇ."

"ಇಲ್ಲಿ ಬರೆದಿರೋದು ಎಡಗೆನ್ನೆ." ಕತ್ತು ಹಿಡಿದಿದ್ದ ಜಡ್ಜ್ ಸಾಹೇಬರು ಅಯ್ಯೋ ಎನ್ನುತ್ತ ಕುರ್ಚಿಯ ಸಮೇತ ಮೆಲ್ಲಗೆ ಎಡಕ್ಕೆ ತಿರುಗಿದರು. ಆ ಗೋಡೆಯ ಉದ್ದಕ್ಕೂ ಇದ್ದದ್ದು ಒಂದೇ ಕುರ್ಚಿ.